ಶೇಕಡಾವಾರು ಮತ್ತು ಅನಂತಜ್ಞಾನ

ಪರೀಕ್ಷೆಯ ಅಂಕಗಳನ್ನು ನೂರಕ್ಕೆ ಇಳಿಸಿ ಹೇಳುವ ಲೆಕ್ಕವು ಭಾರತೀಯ ಗಣಿತದ ತ್ರೈರಾಶಿಕವೇ ಆಗಿದೆ. ಎಂದರೆ ತಿಳಿದಿರುವ ಪ್ರಮಾಣ, ಫಲ, ಇಚ್ಛೆ ಎಂಬ ಮೂರು ರಾಶಿಗಳಲ್ಲಿ ಫಲವನ್ನು ಇಚ್ಛೆಯಿಂದ ಗುಣಿಸಿ ಪ್ರಮಾಣದಿಂದ ಭಾಗಿಸಿ, ತಿಳಿಯದ ನಾಲ್ಕನೆಯದನ್ನು ಪಡೆಯುವ ವಿಧಾನ. ಕರ್ನಾಟಕದ ಎಸ್ಸೆಸ್ಸೆಲ್ಸಿ 625 ಅಂಕಗಳಿಗೂ ತೆಲಂಗಾಣದ ಹತ್ತನೆಯ ತರಗತಿಯ ಪರೀಕ್ಷೆ 600 ಅಂಕಗಳಿಗೂ ನಡೆಯುತ್ತ ಬಂದಿರುವುದರಿಂದ, ಶಾಂತಿನಗರ, ಗದ್ವಾಲ, ಮಕ್ತಲಗಳ ಗಡಿಸೀಮೆಯಿಂದ ರಾಯಚೂರಿನ ಕಡೆಗೆ ಓದಲು ಹೋಗುವ ವಿದ್ಯಾರ್ಥಿಯ 480 ಅಂಕಗಳನ್ನು ಅಲ್ಲಿಯವನ 500 ಅಂಕಗಳೊಡನೆ ಹೋಲಿಸಬೇಕಾದಾಗ, ಇಚ್ಛಾರಾಶಿಯಾಗಿ 100ನ್ನು ಇಟ್ಟರೆ ಎರಡೂ ಶೇಕಡಾ 80 ಎಂದು ಸಮಗೊಳ್ಳುತ್ತವೆ. ನ್ಯಾಯಕ್ಕೆ ಈ ಸಮತೆ ಬೇಕೇ ಬೇಕು. ಆದರೆ ಪ್ರಮಾಣರಾಶಿಯಾದ ಒಟ್ಟು ಅಂಕ ಕಣ್ಮರೆಯಾದೊಡನೆ ಅದೇ 80 ಉತ್ತರಪತ್ರಿಕೆಯ ಅಳತೆಯಾಗಿ ಉಳಿಯದೆ ವಿದ್ಯಾರ್ಥಿಯ ಅಳತೆಯಾಗಿಬಿಡುತ್ತದೆ. ಹಾಗಾದರೆ ಮನುಷ್ಯನ ಜ್ಞಾನಕ್ಕೆ ಪ್ರಮಾಣರಾಶಿ ಯಾವುದು?

ಈ ಪ್ರಶ್ನೆಗೆ ಇದೇ ನಾಡಿನಲ್ಲಿ ಗಂಭೀರವಾದ ಉತ್ತರವೊಂದಿದೆ. ಒಂಬತ್ತನೆಯ ಶತಮಾನದಲ್ಲಿ, ಇಂದಿನ ಕಲಬುರಗಿ ಜಿಲ್ಲೆಯ ಮಳಖೇಡವಾದ ಮಾನ್ಯಖೇಟದಿಂದ ಆಳಿದ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಗಣಿತಸಾರಸಂಗ್ರಹವನ್ನು ಬರೆದು ತ್ರೈರಾಶಿಕವನ್ನೂ ನೂರರ ಮೇಲಿನ ಬಡ್ಡಿಯ ಲೆಕ್ಕಗಳನ್ನೂ ವಿಸ್ತಾರವಾಗಿ ನಿರೂಪಿಸಿದ ಮಹಾವೀರಾಚಾರ್ಯನು ಜೈನನಾಗಿದ್ದನು. ಜೈನದರ್ಶನದ ಪ್ರಕಾರ ಪ್ರತಿಯೊಂದು ಜೀವವೂ ಸ್ವಭಾವತಃ ಅನಂತಜ್ಞಾನವುಳ್ಳದ್ದು. ಜ್ಞಾನಾವರಣೀಯ, ಎಂದರೆ ಅರಿವನ್ನು ಮುಚ್ಚುವ ಕರ್ಮವು ಕವಿದಿರುವುದರಿಂದ ಮಾತ್ರ ಅದು ಅಲ್ಪವಾಗಿ ತೋರುತ್ತದೆ. ಅನಂತವನ್ನು ಪ್ರಮಾಣರಾಶಿಯಾಗಿ ಇಟ್ಟು ಭಾಗಿಸಲು ಬಾರದು. ಆದ್ದರಿಂದ ಜೀವಕ್ಕೆ ಶೇಕಡಾವಾರು ಎಂಬುದಿಲ್ಲ.

ಹಾಗೆಂದ ಮಾತ್ರಕ್ಕೆ ಪರೀಕ್ಷೆ ಸುಳ್ಳೆಂದು ಈ ದರ್ಶನ ಹೇಳುವುದಿಲ್ಲ, ಅದರ ಹಿರಿಮೆ ಇರುವುದೂ ಇಲ್ಲಿಯೇ. ಆವರಣದ ದಟ್ಟತೆ ಒಬ್ಬೊಬ್ಬರಲ್ಲಿ ಒಂದೊಂದು ಬಗೆಯಾಗಿರುವುದರಿಂದ ಇಂದಿನ ತಿಳಿವಳಿಕೆಯ ಹೆಚ್ಚುಕಡಿಮೆಗಳು ನಿಜವೇ. ಆದರೆ ಅವು ಪರ್ಯಾಯಗಳು, ಬದಲಾಗುತ್ತ ಹೋಗುವ ಅವಸ್ಥೆಗಳು, ದ್ರವ್ಯವೆನ್ನಿಸಿಕೊಳ್ಳುವ ಮೂಲವಸ್ತುವಲ್ಲ. ನಲವತ್ತು ಬಂದ ಬಾಲಕಿಯನ್ನು ದಡ್ಡಿ ಎಂದು ಕರೆಯುವವರು ಪರ್ಯಾಯವನ್ನೇ ದ್ರವ್ಯವೆಂದು ಹಿಡಿಯುತ್ತಾರೆ, ಮತ್ತು ಆ ಮಾತು ಅಂಕಪಟ್ಟಿಗಿಂತ ಬಹುಕಾಲ ಅವಳ ಜೊತೆಗಿರುತ್ತದೆ. ಮೇಲಾಗಿ ಜೈನರು ಜ್ಞಾನವನ್ನು ಮತಿ, ಶ್ರುತ, ಅವಧಿ, ಮನಃಪರ್ಯಯ, ಕೇವಲ ಎಂದು ಐದಾಗಿ ಎಣಿಸುತ್ತಾರೆ. ಇವುಗಳಲ್ಲಿ ಇಂದ್ರಿಯ ಮನಸ್ಸುಗಳಿಂದ ಬರುವ ಮತಿಯನ್ನೂ ಮಾತು ಬರಹಗಳಿಂದ ಬರುವ ಶ್ರುತವನ್ನೂ ಬಿಟ್ಟು ಉಳಿದವು ಪ್ರಶ್ನೆಪತ್ರಿಕೆಗೆ ಸಿಗುವಂಥವಲ್ಲ, ಆ ಎರಡರಲ್ಲಿಯೂ ಅದು ಮುಟ್ಟುವುದು ಆ ವರ್ಷದ ಪಠ್ಯದಷ್ಟನ್ನು.