ಮೊದಲು ಒಂದು ತಂತಿ

ಸ್ಲೊವೇನಿಯದ ಕಡಲ ತೀರದಲ್ಲಿ ಪಿರಾನ್ ಎಂಬ ಪುಟ್ಟ ಊರಿದೆ. ಅದರ ಚೌಕದಲ್ಲಿ ನಿಂತಿರುವುದು ಒಬ್ಬ ಪಿಟೀಲು ವಾದಕರ ಕಂಚಿನ ಪ್ರತಿಮೆ. ಅವರು ಜುಸೆಪ್ಪೆ ತಾರ್ತಿನಿ. 1692ರಲ್ಲಿ ಅವರು ಅಲ್ಲಿ ಹುಟ್ಟಿದಾಗ ಊರು ವೆನಿಸ್ ಗಣರಾಜ್ಯದ ಕೈಯಲ್ಲಿತ್ತು. ಬಾಳಿದ್ದು, ಕಲಿಸಿದ್ದು ಹೆಚ್ಚಾಗಿ ಇಟಲಿಯ ಪಾದುವಾದಲ್ಲಿ. ಕನಸಿನಲ್ಲಿ ಸೈತಾನ ನುಡಿಸಿ ತೋರಿಸಿದನೆಂಬ ಕಥೆ ಅಂಟಿಕೊಂಡ ಸೊನಾಟಾದಿಂದ ಜಗತ್ತು ಅವರನ್ನು ನೆನೆಯುತ್ತದೆ. ನನ್ನ ಮನಸ್ಸಿನಲ್ಲಿ ನಿಂತಿರುವುದು ಮಾತ್ರ ಅವರು ಬರೆದ ಒಂದು ಕಾಗದ.

1760ರ ಮಾರ್ಚ್. ತಾರ್ತಿನಿಗೆ ಅರವತ್ತೇಳು ವರ್ಷ. ವೆನಿಸಿನ ಒಂದು ಅನಾಥಾಶ್ರಮದಲ್ಲಿ ಸಂಗೀತ ಕಲಿಯುತ್ತಿದ್ದ ಮದ್ದಲೇನಾ ಲೊಂಬಾರ್ದಿನಿಗೆ ಹದಿನಾಲ್ಕು. ಯುರೋಪಿನ ನಾನಾ ದೇಶಗಳಿಂದ ಶಿಷ್ಯರು ಹುಡುಕಿಕೊಂಡು ಬರುತ್ತಿದ್ದ ಗುರು ಆ ಹುಡುಗಿಗಾಗಿ ಕೂತು ಒಂದು ಪಾಠವನ್ನೇ ಬರೆದು ಕಳಿಸಿದರು. ಮೊದಲು ಬೆರಳಿನ ಚಮತ್ಕಾರವಲ್ಲ, ಕಮಾನು. ಅದು ತಂತಿಗೆ ಬಡಿಯಬಾರದು. ಉಸಿರು ಬಿಟ್ಟಷ್ಟು ಹಗುರಾಗಿ ನಾದ ಹೊರಡಬೇಕು. ಬೆರಳೇ ಊರದ ಬರಿ ತಂತಿಯ ಮೇಲೆ ಕಮಾನನ್ನು ನಿಧಾನವಾಗಿ ಎಳೆಯಬೇಕು. ಕೇಳಿಯೂ ಕೇಳದಷ್ಟು ಮೆಲುವಾಗಿ ಶುರುಮಾಡಿ, ತುಂಬು ದನಿಗೇರಿಸಿ, ಮತ್ತೆ ಇಳಿಸಬೇಕು. ಕಮಾನು ಕೆಳಗೆ ಬರುವಾಗಲೂ ಹಾಗೆ, ಮೇಲೆ ಹೋಗುವಾಗಲೂ ಹಾಗೆ. ದಿನಕ್ಕೆ ಒಂದು ಗಂಟೆಯಾದರೂ, ಆದರೆ ಒಂದೇ ಸಲಕ್ಕಲ್ಲ: ಬೆಳಿಗ್ಗೆ ಸ್ವಲ್ಪ, ಸಂಜೆ ಸ್ವಲ್ಪ.

ಬೇಸರ ಹುಟ್ಟಿಸುವ ಅಭ್ಯಾಸವೇ. ಅದರ ಬೆಲೆ ತಾರ್ತಿನಿಗೆ ಸ್ವಂತ ಅನುಭವದಿಂದ ತಿಳಿದಿತ್ತು. ಇಪ್ಪತ್ತರ ಹರೆಯದಲ್ಲಿ, ವೆರಾಚೀನಿ ಎಂಬ ವಾದಕನ ಕಮಾನಿನ ಓಟ ಕೇಳಿ ತನ್ನದು ಏನೇನೂ ಸಾಲದೆನಿಸಿ, ಅಂಕೋನಾ ಊರಿಗೆ ಹೋಗಿ ಏಕಾಂತದಲ್ಲಿ ಕಮಾನನ್ನೇ ಹೊಸದಾಗಿ ಕಲಿತರೆಂದು ಅವರ ಚರಿತ್ರೆ ಹೇಳುತ್ತದೆ. ತಾನು ಹಾಗೆ ಒಂಟಿಯಾಗಿ ದುಡಿದು ಪಡೆದದ್ದನ್ನು ಅವರು ಬಚ್ಚಿಡಲಿಲ್ಲ, ಆಶ್ರಮದ ಒಂದು ಹುಡುಗಿಯ ಕೈಗಿತ್ತರು. ಆ ಔದಾರ್ಯವನ್ನು ನೆನೆದಾಗಲೆಲ್ಲ ನನಗೆ ಮನಸ್ಸು ತುಂಬಿ ಬರುತ್ತದೆ.

ತಾರ್ತಿನಿ 1770ರಲ್ಲಿ ತೀರಿಕೊಂಡರು. ಕಾಗದ ಆ ವರ್ಷವೇ ವೆನಿಸಿನಲ್ಲಿ ಅಚ್ಚಾಯಿತು. ಮರುವರ್ಷ ಚಾರ್ಲ್ಸ್ ಬರ್ನಿ ಅದನ್ನು ಇಂಗ್ಲಿಷಿಗೆ ತಂದು ಲಂಡನ್ನಿನಲ್ಲಿ ಪ್ರಕಟಿಸಿದರು. ಆ ಹೊತ್ತಿಗೆ ಅದೇ ಲಂಡನ್ನಿನ ಕಛೇರಿಗಳಲ್ಲಿ ಮದ್ದಲೇನಾ ತಾನೇ ರಚಿಸಿದ ಕೃತಿಗಳನ್ನು ಪಿಟೀಲಿನಲ್ಲಿ ನುಡಿಸುತ್ತಿದ್ದಳು.