ಆಟದ ಕೋಟೆ

ಕೋಟೆ ನೋಡಬೇಕೆಂದರೆ ಚಿತ್ರದುರ್ಗಕ್ಕೆ ಹೋಗಬೇಕು, ಕಾಲಿನಲ್ಲಿ ಕಸುವಿದ್ದರೆ ಮಧುಗಿರಿಯ ಬಂಡೆಯನ್ನು ಹತ್ತಬೇಕು ಎಂದು ಹೇಳುವವರ ಮಾತನ್ನು ನಾನು ಅಲ್ಲಗಳೆಯುವುದಿಲ್ಲ. ಅವು ನಿಜವಾದ ಕೋಟೆಗಳು. ಅಲ್ಲಿ ಜನ ಕಾದಾಡಿದ್ದಾರೆ, ಹಸಿದಿದ್ದಾರೆ, ಸತ್ತಿದ್ದಾರೆ. ಆದರೆ ನನಗೆ ಬೇರೊಂದು ಚಪಲವಿದೆ. ಬೆಳಗಿನ ತಿಂಡಿ ಮುಗಿಸಿ ಬಸ್ಸು ಹತ್ತಿ, ಊಟದ ಹೊತ್ತಿಗೆ ಹಿಂದಿರುಗಬಹುದಾದಷ್ಟು ದೂರದಲ್ಲಿ ಕೋಟೆಯ ಸೋಗು ಹಾಕಿಕೊಂಡ ಮನೆಯೊಂದು ನಿಂತಿದೆಯೆಂದು ಕೇಳಿದರೆ, ಅದನ್ನು ನೋಡದೆ ನನಗೆ ಸಮಾಧಾನವಿಲ್ಲ. ಬೆಂಗಳೂರಿನ ಹಳೆಯ ಬಂಗಲೆಗಳ ಕಿಟಕಿಗಳ ಮೇಲೆ ಚೂಪಾದ ಮರದ ಟೋಪಿಗಳಿರುತ್ತಿದ್ದುವು. ಜನ ಅವನ್ನು ‘ಮಂಕಿ ಟಾಪ್’ ಎಂದು ಕರೆಯುತ್ತಿದ್ದರು. ಪಿಂಚಣಿಯ ಮೇಲೆ ಬದುಕಿದ ಯಾರೋ ಕಟ್ಟಿಸಿಕೊಂಡ ಆ ಪುಟ್ಟ ಮನೆಗಳೂ ತಮ್ಮ ಮಟ್ಟಿಗೆ ಕೋಟೆಗಳೇ. ಉಳಿದಿರುವ ಕೆಲವನ್ನು ನೋಡಿದಾಗಲೆಲ್ಲ ಗೇಟಿನ ಬಳಿ ಒಂದು ನಿಮಿಷ ನಿಲ್ಲುತ್ತೇನೆ. ಒಳಗಿನವರು ನನ್ನನ್ನು ಬಾಡಿಗೆಗೆ ಮನೆ ಹುಡುಕುವವನೆಂದು ತಿಳಿದದ್ದೂ ಉಂಟು.

ಈ ಜಾತಿಗೆಲ್ಲ ದೊಡ್ಡಣ್ಣನಂತಿರುವುದು ಬೆಂಗಳೂರು ಅರಮನೆ. ಮರಗಳ ಸಾಲು ದಾಟಿ ಹೋದರೆ, ಇಂಗ್ಲಿಷ್ ಕಥೆಯ ಪುಸ್ತಕದ ಚಿತ್ರವೊಂದು ಎದ್ದು ಬಂದು ನಿಂತಂತೆ ಕಾಣುತ್ತದೆ. ಬುರುಜುಗಳುಂಟು, ಗೋಪುರಗಳುಂಟು, ಗೋಡೆಗೆ ತಬ್ಬಿದ ಬಳ್ಳಿಯುಂಟು, ಮೇಲಂಚಿನ ಉದ್ದಕ್ಕೂ ಹಲ್ಲುಹಲ್ಲಾದ ತೆನೆಗಳುಂಟು. ವಿಂಡ್ಸರ್ ಕೋಟೆಯ ಮಾದರಿಯೆಂದು ಜನ ಹೇಳುತ್ತಾರೆ. ಆ ತೆನೆಗಳ ಮರೆಯಿಂದ ಒಂದು ಬಾಣವನ್ನೂ ಯಾರೂ ಬಿಟ್ಟಿಲ್ಲ. ಆ ಬುರುಜುಗಳನ್ನು ಯಾವ ಫಿರಂಗಿಯೂ ಕೆಣಕಿಲ್ಲ. ಒಳಗೆ ಹೋದರೆ ಬಣ್ಣದ ಗಾಜಿನ ಕಿಟಕಿಗಳ ದರ್ಬಾರು ಹಾಲು, ಕೆತ್ತನೆಯ ಮರಗೆಲಸ, ನೀಲಿ ಹಂಚು ಹಾಸಿದ ಕಲ್ಲಿನ ಆಸನಗಳುಳ್ಳ ತೊಟ್ಟಿ. ಹೊರಗಿನಿಂದ ಇಂಗ್ಲೆಂಡು, ಒಳಗೆ ಕೊನೆಗೂ ತೊಟ್ಟಿಮನೆ! ಇದನ್ನು ನೋಡಿ ನಾನು ಪ್ರತಿಸಲವೂ ಹಿಗ್ಗುತ್ತೇನೆ.

ಹೀಗೆ ಹಿಗ್ಗುವುದು ಸರಿಯೇ ಎಂಬುದು ಪ್ರಶ್ನೆ. ಇದನ್ನು ಕೇಳಿದವರು ಇತಿಹಾಸದ ಮೇಷ್ಟರಾಗಿ ನಿವೃತ್ತರಾದ ನನ್ನ ಸ್ನೇಹಿತರೊಬ್ಬರು. “ಏನು ಸ್ವಾಮಿ, ನೀವು ಸುಳ್ಳನ್ನು ನೋಡಿ ಸಂತೋಷಪಡುತ್ತೀರಲ್ಲ! ಕೋಟೆಯಲ್ಲದ ಕೋಟೆ, ಯುದ್ಧ ಕಾಣದ ಬುರುಜು. ಕಲ್ಲಿನಲ್ಲಿ ಕಟ್ಟಿದ ಸುಳ್ಳು, ಬಾಯಲ್ಲಿ ಆಡಿದ ಸುಳ್ಳಿಗಿಂತ ಹೆಚ್ಚು ಕಾಲ ಬಾಳುತ್ತದೆ” ಎಂದರು.

ಈ ಮೊದಲನೆಯ ಆಕ್ಷೇಪಣೆಗೆ ಉತ್ತರ ಹೇಳುವುದು ಅಷ್ಟು ಕಷ್ಟವಲ್ಲ. ಸುಳ್ಳಾಗಬೇಕಾದರೆ ಮೋಸಹೋಗುವವನೊಬ್ಬ ಬೇಕು. ಯಕ್ಷಗಾನದ ವೇಷಧಾರಿ ಕಿರೀಟ ಕಟ್ಟಿಕೊಂಡು ಬಂದು ತಾನು ಕೌರವನೆಂದರೆ ಅವನನ್ನು ಯಾರೂ ಸುಳ್ಳುಗಾರನೆನ್ನುವುದಿಲ್ಲ. ನವರಾತ್ರಿಯಲ್ಲಿ ಪಟ್ಟದ ಗೊಂಬೆಗಳನ್ನು ಕೂರಿಸಿ ಆರತಿ ಎತ್ತುವ ಮನೆಯ ಹೆಣ್ಣುಮಕ್ಕಳು ಅವು ಮರವೆಂಬುದನ್ನು ಮರೆತವರಲ್ಲ. ಇಂಗ್ಲೆಂಡಿನ ಹೊರೇಸ್ ವಾಲ್ಪೋಲ್ ಹದಿನೆಂಟನೆಯ ಶತಮಾನದಲ್ಲಿ ಸ್ಟ್ರಾಬೆರಿ ಹಿಲ್ ಎಂಬ ತನ್ನ ಮನೆಯನ್ನು ಹಳೆಯ ಕೋಟೆಯಂತೆ ಅಲಂಕರಿಸಿ, ಕಲ್ಲಿನ ಕಮಾನಿನಂತೆ ಕಾಣುವ ಚಾವಣಿಯನ್ನು ಕಾಗದದ ತಿರುಳಿನಿಂದ ಮಾಡಿಸಿದ. ನೋಡಲು ಬರುವವರ ಕಾಟ ಎಷ್ಟಾಯಿತೆಂದರೆ, ದಿನಕ್ಕೆ ನಾಲ್ಕೇ ಜನ ಎಂದು ಚೀಟಿ ಕೊಡಬೇಕಾಯಿತು. ಬಂದವರಿಗೆಲ್ಲ ಅದು ಆಟವೆಂದು ಗೊತ್ತಿತ್ತು. ಬವೇರಿಯದ ಎರಡನೆಯ ಲೂಡ್ವಿಗ್ ದೊರೆ ೧೮೬೯ರಲ್ಲಿ ಬೆಟ್ಟದ ಮೇಲೆ ನಾಯ್‌ಶ್ವಾನ್‌ಸ್ಟೈನ್ ಕೋಟೆಗೆ ಅಡಿಗಲ್ಲು ಹಾಕಿಸಿದಾಗ, ಅದರ ಚಿತ್ರ ಬರೆದುಕೊಟ್ಟವನು ನಾಟಕದ ಪರದೆಗಳನ್ನು ಬರೆಯುತ್ತಿದ್ದ ಕಲಾವಿದ. ದೊರೆ ಸಾಲದಲ್ಲಿ ಮುಳುಗಿ ೧೮೮೬ರಲ್ಲಿ ಸತ್ತ. ಅದೇ ವರ್ಷ ಅವನ ಕನಸಿನ ಬಾಗಿಲನ್ನು ಟಿಕೇಟು ಕೊಂಡವರಿಗೆಲ್ಲ ತೆರೆದರು.

ಇನ್ನು ನಿಜವಾದ ಕೋಟೆಯ ಮಾತು. ಬೆಂಗಳೂರಿನಲ್ಲಿಯೇ ಒಂದಿತ್ತು. ೧೫೩೭ರಲ್ಲಿ ಕೆಂಪೇಗೌಡರು ಮಣ್ಣಿನಿಂದ ಕಟ್ಟಿಸಿದರೆಂದು ಹೇಳುತ್ತಾರೆ. ೧೭೬೧ರ ಸುಮಾರಿಗೆ ಹೈದರಾಲಿ ಕಲ್ಲಿನಲ್ಲಿ ಕಟ್ಟಿಸಿದ. ಹೆಬ್ಬಾಗಿಲು ನಿಲ್ಲದೆ ಕುಸಿಯುತ್ತಿದ್ದಾಗ ಗೌಡರ ಸೊಸೆ, ಬಸುರಿ ಹೆಂಗಸು, ರಾತ್ರಿ ಎದ್ದು ಹೋಗಿ ತನ್ನನ್ನೇ ಬಲಿ ಕೊಟ್ಟುಕೊಂಡಳೆಂಬ ಕಥೆ ನಮ್ಮೂರಿನಲ್ಲಿ ಎಲ್ಲರಿಗೂ ಗೊತ್ತು. ಕಥೆಯಿರಬಹುದು. ಆದರೆ ೧೭೯೧ರ ಮಾರ್ಚ್ ೨೧ ಕಥೆಯಲ್ಲ. ಆ ರಾತ್ರಿ ಕಾರ್ನ್‌ವಾಲಿಸನ ಸೈನ್ಯ ಗೋಡೆ ಒಡೆದು ನುಗ್ಗಿತು. ಕಿಲ್ಲೇದಾರ ಬಹದ್ದೂರ್ ಖಾನ ಕಾದಾಡುತ್ತಲೇ ಸತ್ತ. ಆಮೇಲೆ, ಯುದ್ಧದ ಕಾಲ ಮುಗಿದ ಮೇಲೆ, ರಸ್ತೆಗೆ ಜಾಗ ಬೇಕು, ಕಟ್ಟಡಕ್ಕೆ ಜಾಗ ಬೇಕು ಎಂದು ಗೋಡೆಗಳನ್ನು ಒಡೆಯುತ್ತ ಬಂದರು. ಈಗ ಕೃಷ್ಣರಾಜೇಂದ್ರ ಮಾರುಕಟ್ಟೆಯ ಗದ್ದಲದ ಪಕ್ಕದಲ್ಲಿ ದಿಲ್ಲಿ ಬಾಗಿಲೆಂಬ ಒಂದು ಭಾಗ ಉಳಿದಿದೆ. ಬ್ರಿಟಿಷರು ಗೋಡೆ ಒಡೆದ ಜಾಗವನ್ನು ತೋರಿಸುವ ಕಲ್ಲಿನ ಫಲಕವೊಂದು ಉಳಿದಿದೆ. ನಿಜವಾದ ಕೋಟೆಗೆ ಈ ಗತಿ! ಆಟದ ಕೋಟೆ ಮಾತ್ರ ಒಂದು ತೆನೆ ಮುಕ್ಕಾಗದೆ ನಿಂತಿದೆ. ಕೊಲ್ಲಲು ಬಾರದ ಕೋಟೆಯನ್ನು ಒಡೆಯುವ ಅವಸರ ಯಾರಿಗೂ ಇರಲಿಲ್ಲ. ಕೈಯಲ್ಲಿ ಹಣವುಳ್ಳವನು ಹೇಗೂ ಕೋಟೆ ಕಟ್ಟಿಯೇ ತೀರುವನೆಂದಾದರೆ, ಬಾಣ ಬಿಡದ ಬುರುಜನ್ನೇ ಕಟ್ಟಲಿ ಎನ್ನುವವನು ನಾನು.

ಇಷ್ಟು ಹೇಳಿ ಗೆದ್ದೆನೆಂದುಕೊಳ್ಳುವಷ್ಟರಲ್ಲಿ ಮೇಷ್ಟರು ಎರಡನೆಯ ಬಾಣ ತೆಗೆದರು. “ಆಟವೆಂದಿರಲ್ಲ, ಆಡಿದವರು ಯಾರು? ಖರ್ಚು ಯಾರದು?”

ಇದಕ್ಕೆ ಉತ್ತರ ಹೇಳಲು ತಾರೀಖುಗಳು ಬೇಕು. ಅರಮನೆಯ ಮೂಲದಲ್ಲಿರುವವರು ಪಾದ್ರಿ ಗ್ಯಾರೆಟ್, ಮುಂದೆ ಸೆಂಟ್ರಲ್ ಕಾಲೇಜಾದ ಹೈಸ್ಕೂಲಿನ ಮೊದಲ ಮುಖ್ಯೋಪಾಧ್ಯಾಯರು. ೧೮೩೧ರಿಂದಲೂ ಮೈಸೂರು ಸೀಮೆಯ ಆಡಳಿತ ಬ್ರಿಟಿಷ್ ಕಮಿಷನರುಗಳ ಕೈಯಲ್ಲಿತ್ತು. ಪಟ್ಟದ ಮೇಲಿದ್ದವರು ಚಾಮರಾಜೇಂದ್ರ ಒಡೆಯರು, ೧೮೬೩ರಲ್ಲಿ ಹುಟ್ಟಿದ ಬಾಲಕ. ಹುಡುಗನಿಗೆ ವಿದ್ಯಾಭ್ಯಾಸವಾಗಬೇಕು, ಬೆಂಗಳೂರಿಗೆ ಬಂದಾಗ ಇಳಿದುಕೊಳ್ಳಲು ತಕ್ಕ ಮನೆ ಬೇಕು ಎಂದು, ಅವನ ಪೋಷಕರಾಗಿದ್ದ ಬ್ರಿಟಿಷ್ ಅಧಿಕಾರಿಗಳು ೧೮೭೩ರಲ್ಲಿ ಅವನದೇ ಹಣದಿಂದ ಗ್ಯಾರೆಟ್ಟರ ಆಸ್ತಿಯನ್ನು ಕೊಂಡರು. ೧೮೭೪ರಲ್ಲಿ ಕೆಲಸ ಪ್ರಾರಂಭವಾಗಿ ೧೮೭೮ರಲ್ಲಿ ಮುಗಿಯಿತು. ಕೊಂಡಾಗ ಹುಡುಗನಿಗೆ ವಯಸ್ಸು ಹತ್ತು. ರಾಜ್ಯ ಕೈಯಲ್ಲಿಲ್ಲದ ರಾಜನಿಗೆ ಯುದ್ಧವಿಲ್ಲದ ಕೋಟೆ! ಯಾರ ಪೂರ್ವಿಕರು ಈ ನಾಡಿನ ನಿಜವಾದ ಕೋಟೆಗಳ ಗೋಡೆ ಒಡೆದರೋ ಅವರೇ ತಮ್ಮೂರಿನ ಕೋಟೆಯ ಗೊಂಬೆಯೊಂದನ್ನು ಹುಡುಗನ ಕೈಗೆ ಕೊಟ್ಟರು. ಅದೂ ಅವನ ದುಡ್ಡಿನಲ್ಲಿಯೇ. ಬೊಂಬೆ ಕಿತ್ತುಕೊಂಡವರೇ ಬೊಂಬೆ ಮಾರಿದ ಹಾಗೆ ಎಂದರು ಮೇಷ್ಟರು. ಮಾತು ಖಾರವಾದರೂ ತಪ್ಪಿಲ್ಲ.

ಆದರೂ ನನ್ನನ್ನು ಕಾಡುವುದು ಅದಲ್ಲ. ೧೮೮೧ರಲ್ಲಿ ರಾಜ್ಯ ಹಿಂದಕ್ಕೆ ಬಂತು, ಹುಡುಗ ದೊರೆಯಾದ. ಕಾಡುವುದು ೧೮೭೪ಕ್ಕೂ ೧೮೭೮ಕ್ಕೂ ನಡುವೆ ಬಿದ್ದ ಎರಡು ವರ್ಷಗಳು. ೧೮೭೬ರಲ್ಲಿ ಮಳೆ ಹೋಯಿತು, ೧೮೭೭ರಲ್ಲೂ ಕೈಕೊಟ್ಟಿತು. ಧಾತು, ಈಶ್ವರ ಸಂವತ್ಸರಗಳ ಬರವೆಂದರೆ ಇದೇ. ನಮ್ಮ ಅಜ್ಜಿ ಆ ಬರವನ್ನು ಕಂಡವರಲ್ಲ, ಅವರ ಹಿರಿಯರು ಕಂಡವರು. ಆದರೂ ಎಲೆಯಲ್ಲಿ ಒಂದು ತುತ್ತು ಬಿಟ್ಟರೆ “ಧಾತು ಬರ ಬರಬೇಕು ನಿಮಗೆ” ಎಂದು ಗದರುತ್ತಿದ್ದರು. ಸಂವತ್ಸರದ ಹೆಸರೇ ಬೈಗುಳವಾಗುವಷ್ಟು ಆಳವಾಗಿ ಇಳಿದಿತ್ತು ಆ ಹಸಿವು. ೧೮೭೧ರ ಜನಗಣತಿಯಲ್ಲಿ ಮೈಸೂರು ಸೀಮೆಯ ಜನಸಂಖ್ಯೆ ಸುಮಾರು ೫೦ ಲಕ್ಷ. ೧೮೮೧ರಲ್ಲಿ ಸುಮಾರು ೪೨ ಲಕ್ಷ. ಹತ್ತು ವರ್ಷದಲ್ಲಿ ಬೆಳೆಯಬೇಕಾದ ಜನ ಎಂಟು ಲಕ್ಷ ಕಡಮೆಯಾದರು.

ನಮ್ಮ ಭಾಷೆಯಲ್ಲಿ ‘ತೆನೆ’ ಎಂದರೆ ರಾಗಿಯ ತೆನೆ. ಕೋಟೆಗೋಡೆಯ ಮೇಲಂಚಿನ ಹಲ್ಲಿಗೂ ಅದೇ ಹೆಸರು. ಹೊಲದಲ್ಲಿ ತೆನೆಯಿಲ್ಲದ ಆ ವರ್ಷಗಳಲ್ಲಿ ಅರಮನೆಯ ಗೋಡೆಯ ಮೇಲೆ ತೆನೆಗಳೆದ್ದುವು. ಇದು ತಿಳಿದ ಮೇಲೆ ಆ ಗೋಡೆಯನ್ನು ಮೊದಲಿನಂತೆ ನೋಡುವುದು ನನಗೆ ಸಾಧ್ಯವಾಗಿಲ್ಲ.

ಇದಕ್ಕೂ ಒಂದು ಸಮಾಧಾನವಿದೆ, ಹೇಳಿಬಿಡುತ್ತೇನೆ. ಬರದಲ್ಲಿ ಕಟ್ಟಡ ಕಟ್ಟಿದರೆ ಕೂಲಿ ಸಿಗುತ್ತದೆ. ಲಖನೌದ ಬಡಾ ಇಮಾಂಬಾಡಾವನ್ನು ನವಾಬ ಆಸಫುದ್ದೌಲ ೧೭೮೪ರ ಬರದಲ್ಲಿ ಜನಕ್ಕೆ ಅನ್ನ ಹುಟ್ಟಲೆಂದು ಪ್ರಾರಂಭಿಸಿದನೆಂದು ಪ್ರಸಿದ್ಧಿ. ಹಗಲು ಬಡವರು ಕಟ್ಟಿದ್ದನ್ನು ರಾತ್ರಿ ಮಾನವಂತರು, ಮುಖ ಕಾಣದ ಕತ್ತಲಲ್ಲಿ, ಕೆಡವಿ ಕೂಲಿ ಪಡೆಯುತ್ತಿದ್ದರೆಂಬ ಕಥೆಯೂ ಇದೆ. ಜೋಧಪುರದ ಉಮೇದ್ ಭವನವೂ, ೧೯೨೯ರಿಂದ ೧೯೪೩ರವರೆಗೆ, ಬರದ ಕಾಮಗಾರಿಯಾಗಿಯೇ ಎದ್ದದ್ದು. ಇಂಥ ಕಡೆಗಳಲ್ಲಿ ಕಟ್ಟುವವನ ಹುಚ್ಚಿಗೂ ಹಸಿದವನ ಹೊಟ್ಟೆಗೂ ಹೇಗೋ ಒಂದು ಒಪ್ಪಂದವಾಗಿದೆ. ಬೆಂಗಳೂರಿನ ಅರಮನೆಗೆ ಈ ಸಮರ್ಥನೆ ಒದಗುವುದಿಲ್ಲ. ಬರಕ್ಕೆ ಎರಡು ವರ್ಷ ಮೊದಲೇ ಅದು ಬೇರೊಂದು ಉದ್ದೇಶಕ್ಕೆ ಹೊರಟಿತ್ತು. ಬರ ಬಂದಿತೆಂದು ಉದ್ದೇಶ ಬದಲಾಗಲಿಲ್ಲ.

ಹಾಗಾದರೆ ಬೇಲೂರನ್ನು ಏಕೆ ಮನ್ನಿಸುತ್ತೇವೆ, ಹಂಪಿಯನ್ನು ಏಕೆ ಮನ್ನಿಸುತ್ತೇವೆ ಎಂದು ಕೇಳಬಹುದು. ಅಲ್ಲಿಯೂ ಕಂದಾಯದ ಹಣವೇ, ದಂಡಯಾತ್ರೆಯ ಹಣವೇ. ಆದರೆ ಕಟ್ಟಿದವರಿಗೆ ತಾವು ಕಟ್ಟುತ್ತಿರುವುದರಲ್ಲಿ ನಂಬಿಕೆಯಿತ್ತು. ನೋಡುವ ನಾವು ಆ ನಂಬಿಕೆಯ ಮುಂದೆ ಲೆಕ್ಕದ ಪುಸ್ತಕ ಬಿಚ್ಚುವುದಿಲ್ಲ. ಆಟದ ಕೋಟೆಗೆ ಆ ರಕ್ಷೆಯಿಲ್ಲ. ಗಂಭೀರವಾದ ದುಂದನ್ನು ಕ್ಷಮಿಸುವ ಮನಸ್ಸು ತಮಾಷೆಯ ದುಂದನ್ನು ಕ್ಷಮಿಸುವುದಿಲ್ಲ. ಇದು ನ್ಯಾಯವೇ? ಹಸಿದವನ ಕಡೆಯಿಂದ ನೋಡಿದರೆ ಎರಡೂ ಒಂದೇ. ದೇವಸ್ಥಾನಕ್ಕೆ ಹೋದ ಹೊನ್ನೂ ಅವನ ಗಡಿಗೆಗೆ ಬರಲಿಲ್ಲ, ಬುರುಜಿಗೆ ಹೋದದ್ದೂ ಬರಲಿಲ್ಲ. ಮೇಷ್ಟರು ಇದನ್ನು ಒಪ್ಪುವುದಿಲ್ಲ. ಹಸಿದವನೂ ದೇವಸ್ಥಾನದ ಮುಂದೆ ನಿಂತು ಕೈಮುಗಿಯುತ್ತಾನೆ, ಆ ಕಟ್ಟಡದಲ್ಲಿ ಅವನಿಗೆ ಪಾಲಿದೆ. ಅರಮನೆಯ ಆಟದಲ್ಲಿ ಅವನಿಗೆ ಪಾಲೆಲ್ಲಿ ಎನ್ನುತ್ತಾರೆ. ದೇವಸ್ಥಾನದ ಬಾಗಿಲು ಎಲ್ಲ ಹಸಿದವರಿಗೂ ತೆರೆದಿತ್ತೇ ಎಂದು ನಾನು ಕೇಳಿದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, ಕಾಫಿಗೆ ಹೇಳಿದರು.

ಪಾಲಿನ ಮಾತು ಮಾತ್ರ ನನ್ನ ಮನಸ್ಸಿನಲ್ಲಿ ನಿಂತಿತು. ೨೦೦೫ರಲ್ಲಿ ಅರಮನೆಯನ್ನು ಸಾರ್ವಜನಿಕರಿಗೆ ತೆರೆದರು. ಅಂದಿನಿಂದ ಟಿಕೇಟು ಕೊಂಡವರೆಲ್ಲ ಒಳಗೆ ಹೋಗಬಹುದು. ಒಂದು ದಿನ ಅಲ್ಲಿ ಕಡೂರಿನ ಕಡೆಯ ಕುಟುಂಬವೊಂದು ಬಂದಿತ್ತು. “ಇಲ್ಲಿ ಯಾರ ಜೊತೆ ಯುದ್ಧ ಆಯ್ತಮ್ಮಾ?” ಎಂದು ಹುಡುಗ ಕೇಳಿದ. “ಯಾರ ಜೊತೆಗೂ ಇಲ್ಲ ಕಣೋ.” “ಮತ್ತೆ ಕೋಟೆ ಯಾಕ್ ಕಟ್ಟಿದ್ರು?” “ಚೆನ್ನಾಗಿರ್ಲಿ ಅಂತ.” ಹುಡುಗನಿಗೆ ಉತ್ತರ ಸಾಕಾಯಿತು, ಕಂಬದ ಮರೆಯಲ್ಲಿ ನಿಂತು ನನ್ನ ಕಡೆಗೇ ಬಾಣ ಬಿಟ್ಟ. ಆಟದ ಪಾಲು ಅಷ್ಟು ತಡವಾಗಿಯಾದರೂ ಯಾರಿಗೋ ತಲುಪಿತೆಂದು ನಾನು ಎಣಿಸಿದೆ. ಬರದಲ್ಲಿ ಸತ್ತವರಿಗೆ ಇದರಿಂದ ಏನೂ ಸಂದಾಯವಾಗುವುದಿಲ್ಲ, ಬಲ್ಲೆ. ಹುಡುಗನ ಸಂತೋಷವನ್ನು ಅವರ ಲೆಕ್ಕದಲ್ಲಿ ಜಮಾ ಮಾಡುವ ಅಧಿಕಾರ ನನಗಿಲ್ಲ. ಆದರೆ ಅವರ ಹೆಸರಿನಲ್ಲಿ ಆ ಹುಡುಗನ ಬಿಲ್ಲನ್ನು ಕಿತ್ತುಕೊಳ್ಳುವ ಅಧಿಕಾರವೂ ಇಲ್ಲವೆಂದೇ ತೋರುತ್ತದೆ.

ಅರಮನೆಯ ಸುತ್ತಿನ ಮೈದಾನದಲ್ಲಿ ಈಗ ಮದುವೆಗಳಾಗುತ್ತವೆ. ಬಟ್ಟೆ, ಪ್ಲೈವುಡ್ಡು, ಥರ್ಮೋಕೋಲುಗಳಲ್ಲಿ ಅರಮನೆಗಳನ್ನು ಕಟ್ಟಿ, ಊಟವಾದ ಮೇಲೆ ಬಿಚ್ಚಿ ಲಾರಿಗೆ ಹೇರುತ್ತಾರೆ. ಆಟದ ಕೋಟೆಯ ಮಗ್ಗುಲಲ್ಲಿ ಅದರ ಮೊಮ್ಮಕ್ಕಳು! ೨೦೧೬ರ ನವೆಂಬರಿನಲ್ಲಿ, ನೋಟು ರದ್ದಾಗಿ ಜನ ತಮ್ಮದೇ ದುಡ್ಡಿಗಾಗಿ ಬ್ಯಾಂಕುಗಳ ಮುಂದೆ ಸಾಲುನಿಂತಿದ್ದ ವಾರದಲ್ಲಿ, ಇಲ್ಲಿಯೇ ವಿಜಯನಗರದ ವೈಭವವನ್ನು ಸೆಟ್ಟು ಹಾಕಿ ಒಂದು ಮದುವೆ ಮಾಡಿದರು. ನನಗೆ ಅದರ ಚಿತ್ರಗಳನ್ನು ನೋಡಿ ಹಿಗ್ಗು ಬರಲಿಲ್ಲ. ಏಕೆ ಬರಲಿಲ್ಲವೆಂದು ಯೋಚಿಸಿದ್ದೇನೆ. ಅದು ಬೇಗ ಮುರಿದುಹೋಗುವುದೆಂದೆ? ದಸರೆಯ ಗೊಂಬೆಗಳನ್ನೂ ಹತ್ತು ದಿನಕ್ಕೆ ಪೆಟ್ಟಿಗೆಗೆ ಸೇರಿಸುತ್ತೇವೆ. ವಾಲ್ಪೋಲನ ಕಾಗದದ ಚಾವಣಿಯಲ್ಲಿ, ನನ್ನನ್ನು ನೋಡಿ ನಗಿ ಎನ್ನುವ ಒಂದು ಒಪ್ಪಿಗೆಯಿದೆ. ಈ ಸೆಟ್ಟಿನಲ್ಲಿ ಅದು ಕಾಣಲಿಲ್ಲ. ನೋಡಿ ಬೆರಗಾಗಿ ಎಂಬ ಅಪ್ಪಣೆ ಕಂಡಿತು. ಬೆಂಗಳೂರು ಅರಮನೆಯೂ ೧೮೭೮ರಲ್ಲಿ ಹಾಗೆಯೇ ಅಪ್ಪಣೆ ಮಾಡುತ್ತಿತ್ತೋ ಏನೋ. ಇಂದು ಅದರ ಗತ್ತು ಇಳಿದಿದೆ. ಅದಕ್ಕೇ ನಮಗೆ ಪ್ರಿಯವಾಗಿರಬಹುದು.

ಈಚೆಗೆ ಊರಿನಿಂದ ಬಂದವರನ್ನು ಅರಮನೆಗೆ ಕರೆದುಕೊಂಡು ಹೋಗುವ ಮುನ್ನ ಮಾರುಕಟ್ಟೆಯ ಬಸ್ಸು ಹತ್ತಿಸಿ ದಿಲ್ಲಿ ಬಾಗಿಲನ್ನು ತೋರಿಸುತ್ತೇನೆ. ಅರಮನೆಯ ಮುಂದೆ ನಿಂತಾಗ ತೆನೆಯ ಮಾತನ್ನೂ ಹೇಳುತ್ತೇನೆ. ಹೋದ ತಿಂಗಳು ನನ್ನ ತಂಗಿಯ ಮಗಳು ಬಂದಿದ್ದಳು. ಎಲ್ಲವನ್ನೂ ಕೇಳಿ, ಗೋಡೆಯ ಮೇಲಂಚನ್ನು ಬಹಳ ಹೊತ್ತು ನೋಡಿದಳು. “ಮಾವ, ಆ ವರ್ಷ ಈ ಕಲ್ಲು ಹೊತ್ತವರಿಗೆ ಮಧ್ಯಾಹ್ನ ಊಟ ಏನು ಕೊಡ್ತಿದ್ರು?” ಎಂದು ಕೇಳಿದಳು. ಮೇಷ್ಟರನ್ನು ಕೇಳೋಣ ಎಂದೆ.