ಯಾವ ದೇಶ?

ಒಂದು ಸಂಜೆ ದೇವನಹಳ್ಳಿಯ ಬಸ್ ನಿಲ್ದಾಣದಲ್ಲಿ ದೊಡ್ಡಬಳ್ಳಾಪುರದ ಬಸ್ಸಿಗಾಗಿ ಕಾಯುತ್ತಿದ್ದೆ. ಬಂದ ಬಸ್ಸುಗಳ ಬೋರ್ಡನ್ನೆಲ್ಲ ಇಣುಕಿ ನೋಡಿ, ಇಬ್ಬರು ಕಂಡಕ್ಟರುಗಳನ್ನು ವಿಚಾರಿಸಿ, ಮತ್ತೆ ನೆರಳಿಗೆ ಬಂದು ನಿಂತೆ. ಪಕ್ಕದಲ್ಲಿ ಒಬ್ಬ ತರುಣ. ಕಪ್ಪು ಮೈಬಣ್ಣ, ದಟ್ಟವಾದ ಗುಂಗುರು ಕೂದಲು. 2008ರಲ್ಲಿ ವಿಮಾನ ನಿಲ್ದಾಣ ನಮ್ಮ ಸೀಮೆಗೆ ಬಂದ ಮೇಲೆ ಪರದೇಶದವರು ನಮಗೇನೂ ಅಪರೂಪವಲ್ಲ. ಹೊತ್ತು ಹೋಗಬೇಕಲ್ಲ ಎಂದು, ನನಗೆ ಬರುವ ಇಂಗ್ಲಿಷಿನಲ್ಲಿ ಅವನದು ಯಾವ ದೇಶವೆಂದು ಕೇಳಿದೆ.

ಆತ ನಕ್ಕ. “ಯಲ್ಲಾಪುರದ ಕಡೆಯವನು ಸರ್. ದೊಡ್ಡಬಳ್ಳಾಪುರದ ಬಸ್ಸು ಈಗಷ್ಟೆ ಹೋಯ್ತು. ಇನ್ನೊಂದು ಬರ್ತದೆ.”

ಅವನ ಕನ್ನಡ ನನ್ನ ಕನ್ನಡಕ್ಕಿಂತ ಅಚ್ಚುಕಟ್ಟಾಗಿತ್ತು. ನಾನು ನಾಚಿದೆ. ಆದರೆ ನಾಚಿದ್ದು ಏತಕ್ಕೆ ಎಂಬುದು ಬಸ್ಸು ಹತ್ತಿದ ಮೇಲೂ ಬಗೆಹರಿಯಲಿಲ್ಲ.

ಅವನು ಸಿದ್ದಿ ಜನಾಂಗದವನು. ಪೋರ್ಚುಗೀಸರು ಆಫ್ರಿಕದಿಂದ ಗೋವೆಗೆ ಗುಲಾಮರನ್ನಾಗಿ ತಂದವರಲ್ಲಿ ಅನೇಕರು ತಪ್ಪಿಸಿಕೊಂಡು ಘಟ್ಟದ ಕಾಡು ಸೇರಿದರು. ಅವರ ಸಂತತಿ ಇಂದು ಯಲ್ಲಾಪುರ, ಹಳಿಯಾಳ, ಅಂಕೋಲೆಗಳ ಸುತ್ತಮುತ್ತ ನೆಲಸಿದೆ. ಅವರಲ್ಲಿ ಹಿಂದುಗಳಿದ್ದಾರೆ, ಮುಸಲ್ಮಾನರಿದ್ದಾರೆ, ಕ್ರೈಸ್ತರಿದ್ದಾರೆ. ಬೇರೆ ದಾರಿಯಿಂದ ಬಂದ ಆಫ್ರಿಕದವರೂ ನಮ್ಮ ಚರಿತ್ರೆಯಲ್ಲಿ ಉಂಟು. ವಿಜಾಪುರದ ಆದಿಲಶಾಹಿಯಲ್ಲಿ ಮಂತ್ರಿಯಾಗಿ ಅಧಿಕಾರ ನಡೆಸಿದ ಇಖ್ಲಾಸ್ ಖಾನ್ ಅಂಥವನೊಬ್ಬ. ಕಾಡು ಸೇರಿದವರಿಗೆ ಅಂಥ ಅದೃಷ್ಟವಿರಲಿಲ್ಲ. ಪರಿಶಿಷ್ಟ ಪಂಗಡದ ಪಟ್ಟಿಯಲ್ಲಿ ಹೆಸರು ಸೇರಲು ಅವರು 2003ರವರೆಗೆ ಕಾಯಬೇಕಾಯಿತು. ಅವರಲ್ಲೊಬ್ಬರಾದ ಶಾಂತಾರಾಮ ಸಿದ್ದಿಯವರು ವಿಧಾನ ಪರಿಷತ್ತಿಗೆ ಬಂದದ್ದು 2020ರಲ್ಲಿ.

ಹಡಗಿಗೆ ತುಂಬುವಾಗ ಗುಲಾಮರ ವ್ಯಾಪಾರಿ ಇವನು ಯಾವ ಊರು, ಯಾವ ಭಾಷೆ, ಯಾರ ಮಗ ಎಂದು ನೋಡಲಿಲ್ಲ. ಅವನ ಲೆಕ್ಕದಲ್ಲಿ ಎಲ್ಲರೂ ಒಂದೇ. ಸೋಜಿಗವೆಂದರೆ, ಮುಂದೆ ಅದೇ ಮಾತನ್ನೇ ಆ ಜನ ತಮ್ಮ ಬಲವಾಗಿ ಮಾಡಿಕೊಂಡರು. 1900ರಲ್ಲಿ ಟ್ರಿನಿಡಾಡಿನ ಹೆನ್ರಿ ಸಿಲ್ವೆಸ್ಟರ್ ವಿಲಿಯಮ್ಸ್ ಲಂಡನ್ನಿನಲ್ಲಿ ಆಫ್ರಿಕ ಮೂಲದವರ ಸಮ್ಮೇಳನವೊಂದನ್ನು ಕೂಡಿಸಿದರು. ಅಮೆರಿಕದಿಂದ ಡುಬಾಯ್ಸ್ ಬಂದರು. 1945ರ ಮ್ಯಾಂಚೆಸ್ಟರ್ ಸಮ್ಮೇಳನದಲ್ಲಿ ಎನ್‌ಕ್ರೂಮಾ, ಕೆನ್ಯಾಟ ಇಬ್ಬರೂ ಇದ್ದರು. ಹನ್ನೆರಡು ವರ್ಷಗಳಲ್ಲಿ ಎನ್‌ಕ್ರೂಮಾರ ಘಾನಾ ಸ್ವತಂತ್ರವಾಯಿತು. 1963ರಲ್ಲಿ ಆಡಿಸ್ ಅಬಾಬದಲ್ಲಿ ಸ್ವತಂತ್ರ ರಾಷ್ಟ್ರಗಳ ಐಕ್ಯ ಸಂಸ್ಥೆ ಹುಟ್ಟಿತು. “ನೀವೆಲ್ಲ ಒಂದೇ” ಎಂದು ಮಾರಿದವನ ಮಾತಿಗೆ “ಹೌದು, ನಾವೆಲ್ಲ ಒಂದೇ” ಎಂಬುದು ಇವರ ಉತ್ತರ.

ಎರಡು ಮಾತಿಗೂ ವ್ಯಾಕರಣದಲ್ಲಿ ಅಂತರ ಬಹಳವಿಲ್ಲ. ಒಂದು ಹೊರಗಿನವನ ಹಣೆಪಟ್ಟಿ, ಇನ್ನೊಂದು ಒಳಗಿನವರು ಪರಸ್ಪರ ಹೊತ್ತುಕೊಂಡ ಹೊಣೆ. ಹೊರಗಿನ ಮಾತು ಎಲ್ಲಿಗೆ ಮುಟ್ಟುತ್ತದೆಂಬುದನ್ನು ತಿಳಿಯಲು ನಾವು ದೂರ ಹೋಗಬೇಕಿಲ್ಲ. 2016ರ ಜನವರಿಯ ಕೊನೆಯಲ್ಲಿ, ಬೆಂಗಳೂರಿನ ಅಂಚಿನ ಹೆಸರಘಟ್ಟ ರಸ್ತೆಯಲ್ಲಿ ಸೂಡಾನಿನವನೊಬ್ಬನ ಕಾರಿಗೆ ಸಿಕ್ಕಿ ಒಬ್ಬ ಹೆಂಗಸು ಸತ್ತಳು. ಆಮೇಲೆ ಅದೇ ದಾರಿಯಲ್ಲಿ ಬಂದ ಟಾಂಜಾನಿಯಾದ ವಿದ್ಯಾರ್ಥಿನಿಯನ್ನು ಗುಂಪು ಹಿಡಿದು ಹೊಡೆಯಿತು, ಅವಳು ಬಂದ ಕಾರನ್ನು ಸುಟ್ಟಿತು. ಸೂಡಾನಿಗೂ ಟಾಂಜಾನಿಯಾಕ್ಕೂ ಗಡಿ ಕೂಡ ತಾಗುವುದಿಲ್ಲ. ಗುಂಪಿಗೆ ಭೂಪಟ ಬೇಕಾಗಿರಲಿಲ್ಲ.

ನಾನು ಯಾರನ್ನೂ ಹೊಡೆದವನಲ್ಲ, ನಿಜ. ಕುತೂಹಲಕ್ಕೆ ಕೇಳಿದ ಒಂದು ಪ್ರಶ್ನೆಯನ್ನು ಅಂಥ ಕ್ರೌರ್ಯದ ಪಕ್ಕದಲ್ಲಿಡುವುದು ಅತಿಯಾಯಿತೆಂದು ಓದುಗರು ಹೇಳಬಹುದು. ಇರಬಹುದು. ಆದರೆ ಮೈಬಣ್ಣ ನೋಡಿ ಮನುಷ್ಯನ ಊರನ್ನು ತೀರ್ಮಾನಿಸುವ ಕೆಲಸ ಎರಡಕ್ಕೂ ಸಮಾನವಾದದ್ದು. ಅಲ್ಲಿಂದ ಮುಂದೆ ನಾನು ಒಂದು ಹೆಜ್ಜೆ ಇಟ್ಟೆ, ಅವರು ಹತ್ತು ಹೆಜ್ಜೆ ಇಟ್ಟರು.

ಮೊದಲು ನನಗೆ ಸಮಾಧಾನವಾಗಿ ತೋರಿದ್ದು ಇದು: ಅವನೂ ಕನ್ನಡಿಗನೆ. ಉತ್ತರ ಕನ್ನಡ ಮುಂಬಯಿ ರಾಜ್ಯದಲ್ಲಿತ್ತು, ನಮ್ಮ ದೇವನಹಳ್ಳಿ ಮೈಸೂರಿನಲ್ಲಿತ್ತು. 1956ರ ನವೆಂಬರ್ 1ರಂದು ಎರಡೂ ಕೂಡಿದುವು. ಹರಿದು ಹಂಚಿದ್ದ ನಾವು “ನಾವೆಲ್ಲ ಒಂದೇ” ಎಂದು ಎಷ್ಟು ವರ್ಷ ಕೂಗಿ ಪಡೆದ ಭಾಗ್ಯ ಅದು! ಆ “ನಾವು” ಎಂಬುದರಲ್ಲಿ ಸಿದ್ದಿಗಳೂ ಇದ್ದರು. ಅದು ನನಗೆ ಹೊಳೆದಿರಲಿಲ್ಲ, ಅಷ್ಟೆ.

ಈ ಸಮಾಧಾನವೂ ಬಹಳ ಹೊತ್ತು ನಿಲ್ಲಲಿಲ್ಲ. ಆತ ನಿಜವಾಗಿಯೂ ಟಾಂಜಾನಿಯಾದವನೇ ಆಗಿದ್ದರೆ ನಾನು ನಾಚುತ್ತಿದ್ದೆನೆ? ಇಲ್ಲ, ಊಹೆ ಸರಿಯಾಯಿತೆಂದು ಹಿಗ್ಗುತ್ತಿದ್ದೆ. ಹಾಗಾದರೆ ನಾನು ನಾಚಿದ್ದು ತಪ್ಪು ಮಾಡಿದೆನೆಂದಲ್ಲ, ಲೆಕ್ಕ ತಪ್ಪಿತೆಂದು. ಕನ್ನಡ ಬಲ್ಲವನೆಂಬ ಕಾರಣಕ್ಕೆ ಸಿಗುವ ಮರ್ಯಾದೆ ಕನ್ನಡ ಬಾರದ ಆ ಹುಡುಗಿಯನ್ನು ಕಾಪಾಡಲಾರದು. “ನಾವೆಲ್ಲ ಒಂದೇ” ಎಂಬ ಮಾತು ದುಡಿಯುವುದು ದುರ್ಬಲರು ಒಟ್ಟಾಗುವಾಗ. ಮನೆಯ ಬಾಗಿಲಲ್ಲಿ ನಿಂತಿರುವವನು ಅದನ್ನೇ ಅಗುಳಿಯಾಗಿ ಮಾಡಿಕೊಂಡರೆ ಅದರ ಪುಣ್ಯ ತೀರಿದಂತೆಯೇ.

ಹಾಗೆಂದು ಅಪರಿಚಿತರ ಊರು ಕೇಳಲೇಬಾರದೆ? ಕೇಳದಿದ್ದರೆ ನಾವು ಹಳ್ಳಿಯವರು ಬದುಕಿದಂತೆಯೇ ಅಲ್ಲ. ಬಸ್ಸಿನಲ್ಲಿ ಪಕ್ಕದವರ ಊರು, ಕೆಲಸ, ಮಕ್ಕಳ ಸಂಖ್ಯೆ ತಿಳಿಯದೆ ನಾನು ಎಂದೂ ಇಳಿದವನಲ್ಲ. ಆದರೆ ಅವರನ್ನೆಲ್ಲ ನಾನು ಕೇಳುವುದು “ಯಾವೂರಾಯ್ತು?” ಎಂದು. ಅವನೊಬ್ಬನನ್ನು ಮಾತ್ರ “ಯಾವ ದೇಶ?” ಎಂದೆ.

ಅಂದು ನನಗೆ ನಿಜವಾಗಿ ಬೇಕಾಗಿದ್ದದ್ದು ಬಸ್ಸಿನ ಸಮಾಚಾರ. ಅದನ್ನು ನಾನು ಕೇಳಿರಲಿಲ್ಲ. ಆತ ತಾನಾಗಿಯೇ ಗಮನಿಸಿ ಹೇಳಿದ. ಅವನು ಯಾವ ಬಸ್ಸಿಗೆ ಕಾದಿದ್ದನೆಂದು ವಿಚಾರಿಸುವುದು ನನಗೆ ನೆನಪಾದದ್ದು ನನ್ನ ಬಸ್ಸು ಊರು ದಾಟಿದ ಮೇಲೆ.